ಕಲ್ಲಿಗೆ ಮಾರ್ಗದರ್ಶಿ, ನೀರಿಗೆ ಬಿಡುವು: ಯುಕಟಾನ್‌ನಲ್ಲಿ ಒಂದು ದಿನದ ಪ್ರವಾಸವನ್ನು ಆರಿಸುವ ಬಗೆ

ಮೆಕ್ಸಿಕೋದ ಯುಕಟಾನ್ ಪರ್ಯಾಯದ್ವೀಪದಲ್ಲಿ ಮಾಯಾ ಎಂಬ ಪ್ರಾಚೀನ ಜನರ ನಗರವೊಂದರ ಅವಶೇಷಗಳನ್ನು ನೋಡಿ, ಅದೇ ದಿನ ಸೆನೋತೆ ಎಂಬ ನೈಸರ್ಗಿಕ ಕೊಳದಲ್ಲಿ ಈಜಿ ಹಿಂದಿರುಗುವ ಪ್ರವಾಸಗಳನ್ನು ಹತ್ತಾರು ಸಂಸ್ಥೆಗಳು ಮಾರುತ್ತವೆ. ಜಾಹೀರಾತಿನಲ್ಲಿ ಇವೆಲ್ಲವೂ ಒಂದೇ ಅಚ್ಚಿನಲ್ಲಿ ಎರಕ ಹೊಯ್ದಂತೆ ಕಾಣುತ್ತವೆ: ಹೋಟೆಲಿನ ಬಾಗಿಲಿಗೆ ಬರುವ ವಾಹನ, ಪಿರಮಿಡ್ಡಿನ ಚಿತ್ರ, ನೀಲಿ ನೀರಿನ ಚಿತ್ರ, ಮಧ್ಯಾಹ್ನದ ಊಟ. ವ್ಯತ್ಯಾಸವಿರುವುದು ಜಾಹೀರಾತು ಬಾಯಿಬಿಡದ ಕಡೆ, ಅಂದರೆ ಪಿರಮಿಡ್ಡಿನ ಎದುರು ನೀವು ಎಷ್ಟು ಗಂಟೆಗೆ ನಿಲ್ಲುತ್ತೀರಿ, ಅಲ್ಲಿ ಎಷ್ಟು ಹೊತ್ತು ಇರುತ್ತೀರಿ ಮತ್ತು ಮಾರ್ಗದರ್ಶಿಯ ಹೆಸರಿನಲ್ಲಿ ಕೊಟ್ಟ ಹಣ ಯಾವ ಕೆಲಸಕ್ಕೆ ಸಲ್ಲುತ್ತದೆ ಎಂಬುದರಲ್ಲಿ. ಈ ಬರಹದ ನಿಲುವನ್ನು ಮೊದಲೇ ಹೇಳಿಬಿಡುತ್ತೇನೆ. ಮಾರ್ಗದರ್ಶಿ ಬೇಕಾಗುವುದು ಕಲ್ಲಿಗೆ. ನೀರಿಗೆ ಬೇಕಾಗುವುದು ಬಿಡುವು. ಆದ್ದರಿಂದ ಪ್ರವಾಸವನ್ನು ಆರಿಸುವಾಗ ನಗರದ ಹೆಸರಿಗಿಂತ ಮೊದಲು ಗಡಿಯಾರವನ್ನು ನೋಡಬೇಕು.

ಅವಶೇಷ ಮತ್ತು ಈಜು ಇಲ್ಲಿ ಜೊತೆಯಾಗಿ ಬರುವುದು ಕೇವಲ ವ್ಯಾಪಾರದ ಜಾಣ್ಮೆಯಿಂದಲ್ಲ. ಈ ನೆಲ ಸುಣ್ಣಕಲ್ಲಿನದು. ಬಿದ್ದ ಮಳೆ ಮೇಲೆ ಹರಿಯದೆ ಕಲ್ಲನ್ನು ಕರಗಿಸುತ್ತ ಒಳಗಿಳಿಯುತ್ತದೆ. ಹೀಗಾಗಿ ಪರ್ಯಾಯದ್ವೀಪದ ಉತ್ತರ ಭಾಗದಲ್ಲಿ ಮೇಲ್ಮೈ ನದಿಗಳಿಲ್ಲ, ನೆಲದಡಿಯಲ್ಲಿ ಮಾತ್ರ ಗುಹೆಗಳ ಮೂಲಕ ನೀರು ಸಂಚರಿಸುತ್ತದೆ. ಅಂಥ ಗುಹೆಯ ಚಾವಣಿ ಕುಸಿದಾಗ ತೆರೆದುಕೊಳ್ಳುವ ಬಾವಿಯೇ ಸೆನೋತೆ. ಮಾಯಾ ಭಾಷೆಯ ಪದವನ್ನು ಸ್ಪ್ಯಾನಿಷರು ತಮ್ಮ ನಾಲಿಗೆಗೆ ಒಗ್ಗಿಸಿಕೊಂಡ ರೂಪ ಅದು. ನೀರಿದ್ದಲ್ಲಿ ಊರು ಎದ್ದಿತು. ಚಿಚೆನ್ ಇಟ್ಜಾ ಎಂಬ ಹೆಸರಿನ ಅರ್ಥವೇ ‘ಇಟ್ಜಾ ಜನರ ಬಾವಿಯ ಬಾಯಿ’ ಎಂದು. ಇದನ್ನು ತಿಳಿದವರಿಗೆ ದಿನದ ಎರಡು ಭಾಗಗಳು ಎರಡು ಬೇರೆ ಮನರಂಜನೆಗಳಾಗಿ ಉಳಿಯುವುದಿಲ್ಲ.

ಯಾವ ನಗರ

ಬಹುತೇಕರ ಮನಸ್ಸಿನಲ್ಲಿ ಮೊದಲು ಮೂಡುವ ಹೆಸರು ಚಿಚೆನ್ ಇಟ್ಜಾ. 1988ರಲ್ಲಿ ಯುನೆಸ್ಕೋ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಈ ನಗರ, 2007ರಲ್ಲಿ ನಡೆದ ಹೊಸ ಏಳು ಅದ್ಭುತಗಳ ಮತದಾನದ ನಂತರವಂತೂ ಜನಸಾಗರವನ್ನೇ ಸೆಳೆಯುತ್ತಿದೆ. ಕುಕುಲ್ಕಾನ್ ಎಂಬ ಹಾವಿನ ದೇವರ ಹೆಸರಿನ ಪಿರಮಿಡ್ಡು ಮೇಲಿನ ಗುಡಿಯೂ ಸೇರಿ ಸುಮಾರು 30 ಮೀಟರ್ ಎತ್ತರವಿದೆ. ನಾಲ್ಕು ದಿಕ್ಕಿನಲ್ಲಿ ತಲಾ 91 ಮೆಟ್ಟಿಲುಗಳಿದ್ದು, ಮೇಲಿನ ವೇದಿಕೆಯನ್ನೂ ಒಂದು ಮೆಟ್ಟಿಲೆಂದು ಎಣಿಸಿದರೆ ವರ್ಷದ ದಿನಗಳಷ್ಟೇ, ಅಂದರೆ 365 ಆಗುತ್ತವೆ. ಮಾರ್ಚ್ ಮತ್ತು ಸೆಪ್ಟೆಂಬರ್ ತಿಂಗಳಲ್ಲಿ ಹಗಲು ರಾತ್ರಿ ಸಮವಾಗುವ ವಿಷುವದಿನಗಳ ಸಂಜೆ, ಮೆಟ್ಟಿಲಿನ ಪಕ್ಕದ ಗೋಡೆಯ ಮೇಲೆ ಬೀಳುವ ನೆರಳು ಹಾವು ಇಳಿಯುತ್ತಿರುವಂತೆ ಕಾಣುತ್ತದೆ. ಇದರ ಮೇಲೆ ಹತ್ತುವುದನ್ನು 2006ರಲ್ಲಿಯೇ ನಿಲ್ಲಿಸಲಾಗಿದೆ, ಆದ್ದರಿಂದ ಹತ್ತುವ ಆಸೆಯಿಂದ ಇಲ್ಲಿಗೆ ಬರಬಾರದು. ಪಕ್ಕದ ಚೆಂಡಾಟದ ಅಂಗಣ 168 ಮೀಟರ್ ಉದ್ದವಿದ್ದು, ಮೆಸೊಅಮೆರಿಕದಲ್ಲಿ, ಅಂದರೆ ಮೆಕ್ಸಿಕೋ ಮತ್ತು ಮಧ್ಯ ಅಮೆರಿಕದ ಪ್ರಾಚೀನ ನಾಗರಿಕತೆಗಳ ಸೀಮೆಯಲ್ಲಿ, ಈವರೆಗೆ ಗುರುತಿಸಿರುವ ಅಂಗಣಗಳಲ್ಲಿ ಅತಿ ದೊಡ್ಡದು. ಉತ್ತರಕ್ಕೆ ಕಲ್ಲುಹಾಸಿನ ದಾರಿ ಹಿಡಿದು ಹೋದರೆ ಸುಮಾರು 60 ಮೀಟರ್ ಅಗಲದ ಪವಿತ್ರ ಸೆನೋತೆ ಸಿಗುತ್ತದೆ. ಎಡ್ವರ್ಡ್ ಥಾಂಪ್ಸನ್ ಎಂಬ ಅಮೆರಿಕನ್ 1904ರಿಂದ ಇದರ ಹೂಳನ್ನು ಎತ್ತಿಸಿ ಚಿನ್ನ, ಪಚ್ಚೆಕಲ್ಲು, ಧೂಪದ ಉಂಡೆಗಳು ಮತ್ತು ಮನುಷ್ಯರ ಮೂಳೆಗಳನ್ನು ಹೊರತೆಗೆದನು. ಇಲ್ಲಿ ಯಾರೂ ಈಜುವಂತಿಲ್ಲ. ‘ಚಿಚೆನ್ ಇಟ್ಜಾ ಮತ್ತು ಸೆನೋತೆ’ ಎಂದು ಬರೆದಿರುವ ಪ್ರವಾಸದಲ್ಲಿ ಈಜುವ ಕೊಳ ಯಾವಾಗಲೂ ಬೇರೆಯೇ ಆಗಿರುತ್ತದೆ.

ಮಾರ್ಗದರ್ಶಿಯ ಬೆಲೆ ತಿಳಿಯುವುದು ಇಲ್ಲಿಯೇ. ವಿವರಣೆಯ ಫಲಕಗಳು ಹೇಳುವುದು ಅಲ್ಪ, ಉಬ್ಬುಶಿಲ್ಪಗಳು ಹೇಳುವುದು ಅಪಾರ. ಚೆಂಡಾಟದ ಅಂಗಣದ ಗೋಡೆಯ ಕೆಳಭಾಗದಲ್ಲಿ ತಲೆ ಕಡಿಸಿಕೊಂಡ ಆಟಗಾರನೊಬ್ಬನ ಕುತ್ತಿಗೆಯಿಂದ ರಕ್ತವು ಹಾವುಗಳಾಗಿ ಚಿಮ್ಮುವ ಚಿತ್ರವಿದೆ. ಅದು ಗೆದ್ದವನ ತಲೆಯೋ ಸೋತವನ ತಲೆಯೋ ಎಂಬುದನ್ನು ಆ ಶಿಲ್ಪ ಹೇಳುವುದಿಲ್ಲ. ‘ಗೆದ್ದವನನ್ನೇ ಬಲಿ ಕೊಡುತ್ತಿದ್ದರು’ ಎಂದು ಅಧಿಕಾರವಾಣಿಯಲ್ಲಿ ಸಾರುವ ಮಾರ್ಗದರ್ಶಿಗಿಂತ, ಶಿಲ್ಪವನ್ನು ತೋರಿಸಿ ಅದು ಎಲ್ಲಿಗೆ ನಿಲ್ಲುತ್ತದೆಯೋ ಅಲ್ಲಿಗೆ ತಾನೂ ನಿಲ್ಲುವವನು ಮೇಲು. ಪಿರಮಿಡ್ಡಿನ ಎದುರು ಚಪ್ಪಾಳೆ ತಟ್ಟಿ ಹಕ್ಕಿಯ ಕೂಗಿನಂಥ ಪ್ರತಿಧ್ವನಿಯನ್ನು ಕೇಳಿಸುವುದು ಎಲ್ಲರೂ ಮಾಡುವ ಕಸರತ್ತು; ಅದಕ್ಕಾಗಿ ಪ್ರತ್ಯೇಕ ಹಣ ತೆರಬೇಕಾಗಿಲ್ಲ, ಪಕ್ಕದ ಗುಂಪಿನ ಚಪ್ಪಾಳೆಯೇ ನಿಮಗೂ ಕೇಳಿಸುತ್ತದೆ.

ಕೋಬಾ ಇದಕ್ಕೆ ತದ್ವಿರುದ್ಧವಾದ ಅನುಭವ. ತುಲುಮ್ ಪಟ್ಟಣದಿಂದ ಸುಮಾರು 45 ಕಿಲೋಮೀಟರ್ ಒಳನಾಡಿನಲ್ಲಿ, ಕೆರೆಗಳ ನಡುವೆ, ಕಾಡಿನ ನೆರಳಿನಲ್ಲಿ ಹರಡಿಕೊಂಡಿರುವ ಈ ನಗರದ ಕಟ್ಟಡಗಳು ಒಂದಕ್ಕೊಂದು ದೂರದಲ್ಲಿವೆ. ಒಳಗೆ ಬಾಡಿಗೆ ಸೈಕಲ್ ತುಳಿಯುತ್ತಲೋ, ತ್ರಿಚಕ್ರ ಸೈಕಲ್‌ನಲ್ಲಿ ಕುಳಿತೋ ಸಾಗಬಹುದು. ನೊಹೋಚ್ ಮುಲ್ ಪಿರಮಿಡ್ಡು 42 ಮೀಟರ್ ಎತ್ತರವಿದ್ದು ಕುಕುಲ್ಕಾನ್‌ಗಿಂತ ಎತ್ತರದ್ದು, ಆದರೆ ಅಷ್ಟು ಅಚ್ಚುಕಟ್ಟಾಗಿ ಜೀರ್ಣೋದ್ಧಾರಗೊಂಡಿಲ್ಲ. ಕೋಬಾದ ನಿಜವಾದ ಸೋಜಿಗ ಅದರ ಬಿಳಿಯ ರಸ್ತೆಗಳು: ಸುಣ್ಣದ ಗಾರೆ ಹಾಸಿ ಎತ್ತರಿಸಿ ಕಟ್ಟಿದ ಈ ಹಾದಿಗಳಲ್ಲಿ ಒಂದು ಯಾಶುನಾ ಎಂಬ ಊರಿನವರೆಗೆ ಸುಮಾರು 100 ಕಿಲೋಮೀಟರ್ ಸಾಗುತ್ತದೆ. ಗಾಲಿಬಂಡಿಯಾಗಲಿ ಹೊರೆ ಎಳೆಯುವ ಪ್ರಾಣಿಯಾಗಲಿ ಇಲ್ಲದ ಜನ ಇಷ್ಟು ನೇರವಾದ ದಾರಿಯನ್ನು ಏಕೆ ಕಟ್ಟಿದರು ಎಂಬ ಪ್ರಶ್ನೆಗೆ ಒಳ್ಳೆಯ ಮಾರ್ಗದರ್ಶಿಯೊಬ್ಬ ಅರ್ಧ ಗಂಟೆ ಮಾತನಾಡಬಲ್ಲ. ಅಂಥವನಿಲ್ಲದೆ ಹೋದರೆ ಆ ರಸ್ತೆ ಕಾಡಿನ ನಡುವಿನ ಒಂದು ಕಾಲುದಾರಿಯಂತೆ ಮಾತ್ರ ಕಾಣುತ್ತದೆ. ಹತ್ತಿರದಲ್ಲೇ ಚೂ-ಹಾ, ತಮ್ಕಾಚ್-ಹಾ, ಮುಲ್ತುಮ್-ಹಾ ಎಂಬ ಮೂರು ಗುಹೆ ಸೆನೋತೆಗಳಿವೆ. ಕಲ್ಲಿಗೂ ನೀರಿಗೂ ನಡುವಣ ಅಂತರ ಇಷ್ಟು ಕಡಿಮೆ ಇರುವ ಜೋಡಿ ಅಪರೂಪವಾದ್ದರಿಂದ, ಕೆರಿಬಿಯನ್ ಕರಾವಳಿಯಲ್ಲಿ ತಂಗಿರುವವರಿಗೆ ನನ್ನ ಮೊದಲ ಆಯ್ಕೆ ಕೋಬಾ.

ತುಲುಮ್‌ನ ಅವಶೇಷಗಳನ್ನು ಕುರಿತು ನಿರೀಕ್ಷೆಯನ್ನು ಸ್ವಲ್ಪ ತಗ್ಗಿಸಿಕೊಳ್ಳುವುದು ಒಳ್ಳೆಯದು. ಸಮುದ್ರಕ್ಕೆ ಮುಖ ಮಾಡಿದ ಸುಮಾರು 12 ಮೀಟರ್ ಎತ್ತರದ ಬಂಡೆಯ ಮೇಲೆ, ಉಳಿದ ಮೂರು ಕಡೆ ಗೋಡೆ ಕಟ್ಟಿಕೊಂಡು, 13ರಿಂದ 15ನೆಯ ಶತಮಾನದ ನಡುವೆ ಮೆರೆದ ಬಂದರು ನಗರವಿದು. ತಾಣ ಅತ್ಯಂತ ಸುಂದರ, ಕಟ್ಟಡಗಳು ಚಿಕ್ಕವು. ಒಂದೂವರೆ ಗಂಟೆಯಲ್ಲಿ ನೋಡಿ ಮುಗಿಯುತ್ತದೆ. ನೆರಳು ಬಹಳ ಕಡಿಮೆ. ಈಚಿನ ವರ್ಷಗಳಲ್ಲಿ ಇದನ್ನು ಜಾಗ್ವಾರ್ ಉದ್ಯಾನದ ಒಳಗೆ ಸೇರಿಸಿರುವುದರಿಂದ ಪ್ರವೇಶಕ್ಕೆ ಒಂದಕ್ಕಿಂತ ಹೆಚ್ಚು ಟಿಕೆಟ್ ಕೊಳ್ಳಬೇಕಾಗುತ್ತದೆ. ಆದರೆ ನೀರಿನ ವಿಷಯದಲ್ಲಿ ತುಲುಮ್ ಶ್ರೀಮಂತ: ಗ್ರಾನ್ ಸೆನೋತೆ, ದೋಸ್ ಓಹೋಸ್ ಮೊದಲಾದವು ಸುತ್ತಮುತ್ತಲೇ ಇವೆ. ದೋಸ್ ಓಹೋಸ್ ಮತ್ತು ಸಾಕ್ ಅಕ್ತುನ್ ಎಂಬ ಎರಡು ನೀರ್ಗುಹೆಗಳ ಜಾಲ ಒಂದೇ ಎಂದು 2018ರ ಜನವರಿಯಲ್ಲಿ ಮುಳುಗುಗಾರರು ತೋರಿಸಿದಾಗ ಅದರ ಒಟ್ಟು ಉದ್ದ 347 ಕಿಲೋಮೀಟರ್ ಎಂದು ಲೆಕ್ಕ ಹಾಕಲಾಯಿತು. ಈಜೇ ಮುಖ್ಯ, ಇತಿಹಾಸ ಒಗ್ಗರಣೆಗೆ ಸಾಕು ಎನ್ನುವವರಿಗೆ ತುಲುಮ್ ಸರಿಯಾದ ಸ್ಥಳ.

ವಾಯಾದೋಲಿದ್ ಪಟ್ಟಣದ ಉತ್ತರಕ್ಕೆ 30 ಕಿಲೋಮೀಟರ್‌ಗೂ ಒಳಗಿರುವ ಎಕ್ ಬಲಾಮ್‌ಗೆ ದೊಡ್ಡ ಬಸ್ಸುಗಳು ಕಡಿಮೆ ಬರುತ್ತವೆ. ಕ್ರಿ.ಶ. 770ರಲ್ಲಿ ಪಟ್ಟಕ್ಕೆ ಬಂದ ಉಕಿತ್ ಕಾನ್ ಲೆಕ್ ತೋಕ್ ಎಂಬ ಅರಸನ ಸಮಾಧಿ ಇಲ್ಲಿನ ಬೃಹತ್ ಕಟ್ಟಡದ ಮಧ್ಯದಲ್ಲಿದೆ. ಅದರ ಬಾಗಿಲೇ ಹಲ್ಲು ಕಿರಿದ ಪ್ರಾಣಿಯ ಬಾಯಿ. ಗಾರೆಯಲ್ಲಿ ಕಡೆದ ರೆಕ್ಕೆಯುಳ್ಳ ಆಕೃತಿಗಳು ನಿನ್ನೆ ಮೊನ್ನೆ ಮಾಡಿದಂತೆ ಉಳಿದುಕೊಂಡಿವೆ. ಅವಶೇಷಗಳಿಂದ ಎರಡು ಕಿಲೋಮೀಟರ್‌ಗೂ ಕಡಿಮೆ ದೂರದಲ್ಲಿ ಶ್ಕಾಂಚೆ ಸೆನೋತೆ ಇದೆ. ಕೋಬಾದಲ್ಲಾಗಲಿ ಎಕ್ ಬಲಾಮ್‌ನಲ್ಲಾಗಲಿ ಕಟ್ಟಡಗಳ ಮೇಲೆ ಹತ್ತುವ ನಿಯಮ ಕಾಲಕಾಲಕ್ಕೆ ಬದಲಾಗುತ್ತಿರುತ್ತದೆ. ಹತ್ತಿಸುತ್ತೇವೆ ಎಂಬ ಹಳೆಯ ಜಾಹೀರಾತನ್ನು ನಂಬಿ ಮುಂಗಡ ಕೊಡಬಾರದು.

ಉಶ್ಮಾಲ್ ಕುರಿತು ಒಂದು ಎಚ್ಚರಿಕೆ ಸಾಕು. ಯುಕಟಾನ್ ರಾಜ್ಯದ ರಾಜಧಾನಿಯಾದ ಮೆರಿದಾದಿಂದ ಸುಮಾರು 80 ಕಿಲೋಮೀಟರ್ ದೂರದ ಈ ನಗರದ ವಾಸ್ತುಶಿಲ್ಪ ನನ್ನ ದೃಷ್ಟಿಯಲ್ಲಿ ಮೇಲೆ ಹೇಳಿದ ಎಲ್ಲಕ್ಕಿಂತ ಸೊಗಸಾದುದು, ಆದರೆ ಆ ಗುಡ್ಡದ ಸೀಮೆಯಲ್ಲಿ ಅಂತರ್ಜಲ ಬಹಳ ಆಳದಲ್ಲಿರುವುದರಿಂದ ಸೆನೋತೆಗಳಿಲ್ಲ. ಅಲ್ಲಿನವರು ಮಳೆನೀರನ್ನು ನೆಲದೊಳಗಿನ ಗಾರೆ ತೊಟ್ಟಿಗಳಲ್ಲಿ ಹಿಡಿದಿಟ್ಟುಕೊಂಡೇ ಬದುಕಿದರು. ಮಳೆದೇವರಾದ ಚಾಕ್‌ನ ಉದ್ದಮೂಗಿನ ಮುಖ ಗೋಡೆಗೋಡೆಯಲ್ಲೂ ಕಾಣಿಸುವುದಕ್ಕೆ ಕಾರಣವನ್ನು ಬೇರೆಡೆ ಹುಡುಕಬೇಕಾಗಿಲ್ಲ. ಹಾಗಾಗಿ ‘ಉಶ್ಮಾಲ್ ಮತ್ತು ಈಜು’ ಎಂಬ ಪ್ರವಾಸದಲ್ಲಿ ಈಜಿಗಾಗಿ ಮೆರಿದಾದ ಕಡೆಗೆ, ಮುಕುಯ್ಚೆಯಂಥ ಹಳೆಯ ತೋಟದ ಮನೆಗಳ ಸೆನೋತೆಗಳಿಗೆ ಹೋಗಬೇಕಾಗುತ್ತದೆ. ದಿನ ಉದ್ದವಾಗುತ್ತದೆ, ಆದರೆ ಮೆರಿದಾದಲ್ಲಿ ತಂಗಿರುವವರಿಗೆ ಅಸಾಧ್ಯವೇನಲ್ಲ.

ಎಲ್ಲಿ ಮಲಗುತ್ತೀರಿ ಎಂಬುದೇ ಅರ್ಧ ತೀರ್ಮಾನ

ಕೆರಿಬಿಯನ್ ಕರಾವಳಿಯ ಪ್ರವಾಸಿ ನಗರ ಕ್ಯಾನ್‌ಕುನ್‌ನಿಂದ ಚಿಚೆನ್ ಇಟ್ಜಾಕ್ಕೆ ಸುಮಾರು 200 ಕಿಲೋಮೀಟರ್, ನೇರವಾಗಿ ಹೋದರೆ ಎರಡೂವರೆ ಗಂಟೆ. ಮೆರಿದಾದಿಂದ 120 ಕಿಲೋಮೀಟರ್. ವಾಯಾದೋಲಿದ್‌ನಿಂದ 45 ಕಿಲೋಮೀಟರ್ ಮಾತ್ರ. ಇದಕ್ಕೆ ಗಡಿಯಾರದ ಒಂದು ತೊಡಕು ಸೇರಿಕೊಳ್ಳುತ್ತದೆ. ಕ್ಯಾನ್‌ಕುನ್, ತುಲುಮ್, ಕೋಬಾ ಇರುವ ಕಿಂತಾನಾ ರೋ ರಾಜ್ಯ 2015ರಿಂದ ತನ್ನದೇ ಕಾಲವಲಯದಲ್ಲಿದೆ; ಚಿಚೆನ್ ಇಟ್ಜಾ, ವಾಯಾದೋಲಿದ್, ಮೆರಿದಾ ಇರುವ ಯುಕಟಾನ್ ರಾಜ್ಯದ ಗಡಿಯಾರ ಅದಕ್ಕಿಂತ ಒಂದು ಗಂಟೆ ಹಿಂದೆ. ಚಿಚೆನ್ ಇಟ್ಜಾದ ಬಾಗಿಲು ಬೆಳಗ್ಗೆ 8ಕ್ಕೆ ತೆರೆಯುತ್ತದೆ ಎಂದರೆ ಕ್ಯಾನ್‌ಕುನ್‌ನಲ್ಲಿ ಆಗ 9 ಗಂಟೆ. ಹೋಗುವಾಗ ಲಾಭವಾಗಿ ಬಂದ ಈ ಗಂಟೆಯನ್ನು ಜಾಣರು ಬಳಸಿಕೊಳ್ಳಬಹುದು: ಕ್ಯಾನ್‌ಕುನ್‌ನಿಂದ 6 ಗಂಟೆಗೆ ಸ್ವಂತ ವಾಹನದಲ್ಲಿ ಹೊರಟವರು ಬಾಗಿಲು ತೆರೆಯುವ ಮೊದಲೇ ಅಲ್ಲಿರುತ್ತಾರೆ. ಗುಂಪಿನ ಬಸ್ಸಿಗೆ ಆ ಭಾಗ್ಯವಿಲ್ಲ. ಹೋಟೆಲಿನಿಂದ ಹೋಟೆಲಿಗೆ ಸುತ್ತಿ ಜನರನ್ನು ತುಂಬಿಕೊಳ್ಳುವುದರಲ್ಲೇ ಒಂದು ಗಂಟೆಗೂ ಹೆಚ್ಚು ಕಳೆದುಹೋಗುತ್ತದೆ; ಆಮೇಲೆ ಕರಕುಶಲ ವಸ್ತುಗಳ ಅಂಗಡಿ, ಸೆನೋತೆ, ಊಟ ಎಂಬ ಕ್ರಮವಿದ್ದರೆ, ಪಿರಮಿಡ್ಡಿನ ಎದುರು ನಿಲ್ಲುವ ಹೊತ್ತಿಗೆ ಸೂರ್ಯ ನೆತ್ತಿಯ ಮೇಲೆ ಬಂದಿರುತ್ತಾನೆ. ಆ ವಿಶಾಲ ಬಯಲಿನಲ್ಲಿ ಏಪ್ರಿಲ್, ಮೇ ತಿಂಗಳ ಮಧ್ಯಾಹ್ನ ಹೇಗಿರುತ್ತದೆ ಎಂಬುದನ್ನು ಊಹಿಸಿಕೊಳ್ಳುವುದು ಕಷ್ಟವಲ್ಲ.

ಆದ್ದರಿಂದ ಚಿಚೆನ್ ಇಟ್ಜಾವನ್ನು ನೋಡಲೇಬೇಕು ಎನ್ನುವವರು ಹಿಂದಿನ ರಾತ್ರಿ ವಾಯಾದೋಲಿದ್‌ನಲ್ಲಿ ಕಳೆಯುವುದು ಅತ್ಯುತ್ತಮ. ಅಲ್ಲಿಂದ ಹಂಚಿಕೆಯ ವ್ಯಾನ್ ಹಿಡಿದು ಬೆಳಗ್ಗೆ ಹೋಗಿ, ಬಾಗಿಲಲ್ಲೇ ಪರವಾನಗಿ ಇರುವ ಮಾರ್ಗದರ್ಶಿಯನ್ನು ಗೊತ್ತುಮಾಡಿಕೊಂಡು, ಹನ್ನೊಂದಕ್ಕೆ ಮುಗಿಸಿ, ಬಸ್ಸುಗಳು ಒಳಬರುತ್ತಿರುವಾಗ ಹೊರಬಿದ್ದು, ಮಧ್ಯಾಹ್ನವನ್ನು ನೀರಿಗೆ ಕೊಡಬಹುದು. 2023ರ ಡಿಸೆಂಬರ್‌ನಲ್ಲಿ ಆರಂಭವಾದ ಮಾಯಾ ರೈಲಿಗೆ ಚಿಚೆನ್ ಇಟ್ಜಾದಲ್ಲೂ ವಾಯಾದೋಲಿದ್‌ನಲ್ಲೂ ನಿಲ್ದಾಣಗಳಿವೆ. ಆದರೆ ಅಂದೇ ಹೋಗಿ ಅಂದೇ ಬರುವುದಕ್ಕೆ ಅದರ ವೇಳಾಪಟ್ಟಿ ಹೊಂದುತ್ತದೆಯೇ ಎಂಬುದನ್ನು ಮೊದಲು ನೋಡಿಕೊಳ್ಳಬೇಕು. ಭಾನುವಾರ ಮೆಕ್ಸಿಕೋದ ನಿವಾಸಿಗಳಿಗೆ ಪುರಾತತ್ವ ತಾಣಗಳಲ್ಲಿ ರಿಯಾಯಿತಿ ಇರುವುದರಿಂದ ಜನಸಂದಣಿ ಹೆಚ್ಚು.

ಬಸ್ಸೋ, ಖಾಸಗಿ ವಾಹನವೋ, ಸ್ವಂತ ಸವಾರಿಯೋ

ದೊಡ್ಡ ಬಸ್ಸಿನ ಪ್ರವಾಸ ಅಗ್ಗ, ಮತ್ತು ಒಂಟಿಯಾಗಿ ಹೋಗುವವರಿಗೆ ಅದರಲ್ಲಿ ತಲೆನೋವಿಲ್ಲ. ಆದರೆ ಅಗ್ಗದ ಬೆಲೆಯಲ್ಲಿ ಪ್ರವೇಶ ಶುಲ್ಕ ಸೇರಿದೆಯೇ ಎಂದು ನೋಡಬೇಕು. ಚಿಚೆನ್ ಇಟ್ಜಾದಲ್ಲಿ ವಿದೇಶಿಯರು ಕೇಂದ್ರ ಸರ್ಕಾರದ ಪುರಾತತ್ವ ಸಂಸ್ಥೆಗೆ ಒಂದು, ರಾಜ್ಯಕ್ಕೆ ಇನ್ನೊಂದು ಎಂದು ಎರಡು ಶುಲ್ಕ ಕೊಡಬೇಕಾಗಿದ್ದು, ಎರಡೂ ಸೇರಿ 600 ಪೆಸೊ ಮೀರುತ್ತದೆ. ಈ ಮೊತ್ತವನ್ನು ಬಸ್ಸು ಹೊರಟ ಮೇಲೆ ‘ತೆರಿಗೆ’ ಎಂಬ ಹೆಸರಿನಲ್ಲಿ ವಸೂಲು ಮಾಡುವುದು ರೂಢಿ. ಊಟ ಸೇರಿದ್ದರೂ ಪಾನೀಯ ಸೇರಿರುವುದಿಲ್ಲ, ಸೆನೋತೆ ಸೇರಿದ್ದರೂ ಲಾಕರ್ ಮತ್ತು ಜೀವರಕ್ಷಕ ಜಾಕೆಟ್ಟಿನ ಬಾಡಿಗೆ ಸೇರಿರುವುದಿಲ್ಲ. ಇವನ್ನೆಲ್ಲ ಕೂಡಿಸಿ ನೋಡಿದಾಗ ಎರಡು ಪ್ರವಾಸಗಳ ನಡುವಣ ಅಂತರ ಬಹಳ ಸಲ ಕರಗಿಹೋಗುತ್ತದೆ. ಇನ್ನೂ ಒಂದು ಮಾತು: ನಲವತ್ತು ಜನರ ಗುಂಪಿಗೆ ಎರಡು ಭಾಷೆಗಳಲ್ಲಿ ವಿವರಿಸುವ ಮಾರ್ಗದರ್ಶಿ, ಎಷ್ಟೇ ಪಂಡಿತನಾಗಿರಲಿ, ಪ್ರತಿಯೊಂದು ಮಾತನ್ನೂ ಎರಡೆರಡು ಬಾರಿ ಹೇಳಬೇಕು, ನಿಮಗೆ ಸಿಗುವುದು ಅವನ ಸಮಯದ ಅರ್ಧ.

ಹತ್ತು ಹನ್ನೆರಡು ಜನರ ಚಿಕ್ಕ ವ್ಯಾನು ಈ ದೋಷಗಳಲ್ಲಿ ಹಲವನ್ನು ಕಳೆಯುತ್ತದೆ. ನಾಲ್ಕು ಜನರ ಕುಟುಂಬವಾದರೆ ಖಾಸಗಿ ವಾಹನ ಮತ್ತು ಮಾರ್ಗದರ್ಶಿಯ ವೆಚ್ಚವನ್ನು ತಲೆಗೆ ಹಂಚಿ ನೋಡುವುದು ಲೇಸು, ಏಕೆಂದರೆ ಅಲ್ಲಿ ನೀವು ಕೊಂಡುಕೊಳ್ಳುವುದು ಹೊರಡುವ ಗಂಟೆಯನ್ನು ನಿರ್ಧರಿಸುವ ಹಕ್ಕನ್ನು. ಸ್ವಂತ ಸವಾರಿಯಲ್ಲಿ ಸ್ವಾತಂತ್ರ್ಯ ಹೆಚ್ಚು. ಬಾಡಿಗೆ ಕಾರಿನ ಅಂತರ್ಜಾಲ ದರ ಬಹಳ ಕಡಿಮೆ ಕಂಡರೆ ಹಿಗ್ಗಬೇಕಾಗಿಲ್ಲ; ಮೂರನೆಯವರ ಹಾನಿಯ ಕಡ್ಡಾಯ ವಿಮೆಯನ್ನು ಕೌಂಟರಿನಲ್ಲಿ ಸೇರಿಸಿದಾಗ ಮೊತ್ತ ಬೇರೆಯೇ ಆಗುತ್ತದೆ. ಕ್ಯಾನ್‌ಕುನ್‌ನಿಂದ ಮೆರಿದಾಕ್ಕೆ ಹೋಗುವ ಸುಂಕದ ಹೆದ್ದಾರಿ ದುಬಾರಿ ಆದರೆ ವೇಗದ್ದು. ಸುಂಕವಿಲ್ಲದ ರಸ್ತೆ ಹಳ್ಳಿಗಳ ನಡುವೆ ಹಾದು, ಪ್ರತಿ ಊರಿನ ಬಾಯಲ್ಲೂ ಉಬ್ಬುಗಳ ಮೇಲೆ ಎತ್ತಿ ಹಾಕುತ್ತದೆ. ಸ್ವಂತವಾಗಿ ಹೋದವರೂ ಮಾರ್ಗದರ್ಶಿಯನ್ನು ಕೈಬಿಡಬಾರದು. ದೊಡ್ಡ ತಾಣಗಳ ಬಾಗಿಲಲ್ಲಿ ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಧರಿಸಿದವರು ಸಿಗುತ್ತಾರೆ. ದರವನ್ನು, ಭಾಷೆಯನ್ನು ಮತ್ತು ಅವಧಿಯನ್ನು ಮೊದಲೇ ಮಾತನಾಡಿಕೊಳ್ಳಬೇಕು; ಜೊತೆಗೆ ಇನ್ನೊಂದು ಕುಟುಂಬ ಸಿಕ್ಕರೆ ವೆಚ್ಚವನ್ನು ಹಂಚಿಕೊಳ್ಳಬಹುದು. ಕೇವಲ ಸಾಗಣೆಗೆ ಸಂಸ್ಥೆ, ವಿವರಣೆಗೆ ಸ್ಥಳೀಯ ಮಾರ್ಗದರ್ಶಿ ಎಂಬ ಈ ವಿಂಗಡಣೆ ನನಗೆ ಎಲ್ಲಕ್ಕಿಂತ ಮೆಚ್ಚುಗೆಯಾದುದು.

ನೀರಿನ ಆಯ್ಕೆ

ಸೆನೋತೆಗಳಲ್ಲಿ ಮೂರು ಬಗೆಯನ್ನು ಗುರುತಿಸಿಕೊಂಡರೆ ಆಯ್ಕೆ ಸುಲಭ. ಚಾವಣಿ ಪೂರ್ತಿ ಕುಸಿದು ಆಕಾಶಕ್ಕೆ ತೆರೆದುಕೊಂಡವು ಬೆಳಕಿನಿಂದ ತುಂಬಿರುತ್ತವೆ, ಮೊದಲ ಬಾರಿ ಇಳಿಯುವವರಿಗೆ ಅಂಜಿಕೆ ಹುಟ್ಟಿಸುವುದಿಲ್ಲ. ಅರ್ಧ ಮುಚ್ಚಿದವುಗಳಲ್ಲಿ ಮೇಲಿನ ರಂಧ್ರದಿಂದ ಬಿಸಿಲುಕೋಲು ನೀರಿಗಿಳಿಯುವ ದೃಶ್ಯವಿರುತ್ತದೆ. ವಾಯಾದೋಲಿದ್ ಬಳಿಯ ಸುಯ್ತುನ್ ಇದಕ್ಕೇ ಹೆಸರಾಗಿದ್ದು, ನಡುವಿನ ಕಲ್ಲಿನ ಜಗಲಿಯ ಮೇಲೆ ಫೋಟೊ ತೆಗೆಸಿಕೊಳ್ಳುವವರ ಸಾಲು ಈಜುವವರಿಗಿಂತ ಉದ್ದವಾಗಿರುತ್ತದೆ. ಪೂರ್ತಿ ಗುಹೆಯಾಗಿರುವವು ತಂಪಾಗಿ, ಗಂಭೀರವಾಗಿ, ತೊಟ್ಟಿಕ್ಕುವ ಸದ್ದಿನಿಂದ ತುಂಬಿರುತ್ತವೆ. ಕತ್ತಲೆಗೆ ಹೆದರುವ ಮಕ್ಕಳಿಗೆ ಇವು ತಕ್ಕವಲ್ಲ. ನೀರಿನ ಉಷ್ಣತೆ ಎಲ್ಲೆಡೆಯೂ ವರ್ಷವಿಡೀ 25 ಡಿಗ್ರಿ ಸೆಲ್ಸಿಯಸ್‌ನ ಆಸುಪಾಸಿನಲ್ಲಿದ್ದು, ಬಿಸಿಲಿನಿಂದ ಬಂದ ಮೈಗೆ ಚುರುಕಾಗಿ ತಣ್ಣಗೆ ತಾಕುತ್ತದೆ.

ಚಿಚೆನ್ ಇಟ್ಜಾದ ಪ್ರವಾಸಗಳು ಹೆಚ್ಚಾಗಿ ಕರೆದೊಯ್ಯುವ ಇಕ್ ಕಿಲ್, ನೆಲಮಟ್ಟದಿಂದ ಸುಮಾರು 26 ಮೀಟರ್ ಕೆಳಗಿರುವ ದುಂಡು ಬಾವಿ. ಮೇಲಿನ ಅಂಚಿನಿಂದ ಬೇರುಬಳ್ಳಿಗಳು ನೀರಿನವರೆಗೂ ಜೋತಾಡುವ ಆ ನೋಟಕ್ಕೆ ಎಣೆಯಿಲ್ಲ. ಆದರೆ ನಡುಹಗಲಿನಲ್ಲಿ ಹಲವು ಬಸ್ಸುಗಳ ಜನ ಒಟ್ಟಿಗೆ ಇಳಿದಾಗ ಅದು ಸಂತೆಯ ರೂಪ ತಾಳುತ್ತದೆ, ಒದ್ದೆ ಮೆಟ್ಟಿಲುಗಳು ಮೊಣಕಾಲು ನೋವಿನವರಿಗೆ ಕಷ್ಟ. ಹಿರಿಯರಿದ್ದರೆ ವಾಯಾದೋಲಿದ್ ಪಟ್ಟಣದ ಮಧ್ಯದಲ್ಲೇ ಇರುವ ಸಾಸೀ ಸೆನೋತೆಯ ಅಂಚಿನಲ್ಲಿ ಕುಳಿತು ನೋಡುವುದಕ್ಕಾದರೂ ಅವಕಾಶವಿದೆ. ಈಜು ಬಾರದವರು ಸೆನೋತೆಯನ್ನು ಪಟ್ಟಿಯಿಂದ ತೆಗೆದುಹಾಕಬೇಕಾಗಿಲ್ಲ, ಆದರೆ ಹಲವು ಕೊಳಗಳು ದಡದಿಂದಲೇ ಆಳವಾಗಿರುವುದನ್ನು ಮರೆಯಬಾರದು. ಜಾಕೆಟ್ಟು ತೊಟ್ಟು, ಕಟ್ಟಿರುವ ಹಗ್ಗವನ್ನು ಹಿಡಿದುಕೊಂಡು ತೇಲಬಹುದು. ಆಳವಿಲ್ಲದ ಭಾಗ ಬೇಕೆಂದರೆ ಗ್ರಾನ್ ಸೆನೋತೆ ಅಥವಾ ಚೂ-ಹಾ ಅನುಕೂಲ. ಗುಹೆಯ ಒಳಗಡೆಗೆ ನೀರಿನಡಿ ಸಾಗುವ ಹಾದಿಯ ಬಾಯಲ್ಲಿ ಎಚ್ಚರಿಕೆಯ ಫಲಕ ಇದ್ದರೆ, ಅದು ತರಬೇತಿ ಪಡೆದ ಗುಹಾ ಮುಳುಗುಗಾರರಲ್ಲದ ಎಲ್ಲರಿಗೂ ಅನ್ವಯಿಸುತ್ತದೆ, ಉತ್ತಮ ಈಜುಗಾರರಿಗೂ ಸಹ.

ಇಳಿಯುವ ಮೊದಲು ಸ್ನಾನ ಮಾಡಿಸುತ್ತಾರೆ, ಬಿಸಿಲು ತಡೆಯುವ ಲೇಪನವನ್ನೂ ಸೊಳ್ಳೆ ಓಡಿಸುವ ಎಣ್ಣೆಯನ್ನೂ ತೊಳೆದುಕೊಂಡೇ ಹೋಗಬೇಕು. ಈ ನೀರು ಒಂದು ಕೊಳದಲ್ಲಿ ನಿಂತುಬಿಡುವುದಿಲ್ಲ, ನೆಲದಡಿಯ ಹಾದಿಗಳಲ್ಲಿ ಮುಂದಿನ ಊರಿನ ಬಾವಿಗೂ ಹೋಗುತ್ತದೆ. ಹಾಗಾಗಿ ಅವಶೇಷಗಳ ನಡುವೆ ಬಿಸಿಲಿಗೆ ತೋಳುದ್ದದ ಹತ್ತಿ ಬಟ್ಟೆ ಮತ್ತು ಟೋಪಿಯನ್ನೇ ನೆಚ್ಚಿಕೊಂಡು, ಲೇಪನವನ್ನು ಕಡಿಮೆ ಮಾಡುವುದು ಎರಡೂ ಕಡೆಗೆ ಹೊಂದುವ ಉಪಾಯ. ಹಳ್ಳಿಯವರು ನಡೆಸುವ ಸೆನೋತೆಗಳಲ್ಲಿ ಕಾರ್ಡು ನಡೆಯದಿರಬಹುದು. ಪೆಸೊಗಳ ಚಿಲ್ಲರೆ ಇರಲಿ.

ಕ್ರಮದ ವಿಷಯದಲ್ಲಿ ಮೊದಲು ಕಲ್ಲು, ಆಮೇಲೆ ನೀರು ಎಂಬುದೇ ಸರಿ. ಮೊದಲೇ ಈಜಿ ಒದ್ದೆ ಕೂದಲು, ದಣಿದ ಮೈಯೊಂದಿಗೆ ನಡುಹಗಲಿನ ಬಯಲಿಗೆ ಬಂದವರಿಗೆ ಇತಿಹಾಸ ಕೇಳುವ ತಾಳ್ಮೆ ಉಳಿದಿರುವುದಿಲ್ಲ. ಒಂದೇ ಅಪವಾದವೆಂದರೆ ಫೋಟೊ ಪ್ರಸಿದ್ಧ ಸೆನೋತೆಗಳು. ಅಲ್ಲಿ ಬಾಗಿಲು ತೆರೆದ ಹೊತ್ತಿಗೆ ಹೋದವರಿಗೆ ಮಾತ್ರ ನೀರು ಖಾಲಿ ಸಿಗುತ್ತದೆ, ಅಂಥದ್ದನ್ನು ಬಯಸುವವರು ಅವಶೇಷಕ್ಕೆ ಬೇರೊಂದು ದಿನ ಇಟ್ಟುಕೊಳ್ಳಲಿ. ಜೂನ್‌ನಿಂದ ನವೆಂಬರ್‌ವರೆಗಿನ ಚಂಡಮಾರುತದ ಕಾಲದಲ್ಲಿ ಮುಂಗಡ ಕೊಡುವವರು ರದ್ದತಿಯ ಷರತ್ತನ್ನು ಓದಬೇಕು.

ಹಣ ಕೊಡುವ ಮುನ್ನ ಸಂಸ್ಥೆಯವರನ್ನು ಕೇಳಬೇಕಾದ ಪ್ರಶ್ನೆಗಳು ಕೆಲವೇ. ಸೆನೋತೆಯ ಹೆಸರೇನು? ಹೆಸರು ಹೇಳದೆ ‘ಒಂದು ಸುಂದರ ಸೆನೋತೆ’ ಎನ್ನುವವರು ಅಂದು ಯಾವುದು ಅಗ್ಗವೋ ಅಲ್ಲಿಗೆ ಕರೆದೊಯ್ಯುತ್ತಾರೆ. ಪ್ರವೇಶ ಶುಲ್ಕಗಳೆಲ್ಲ ಸೇರಿವೆಯೇ, ದಾರಿಯಲ್ಲಿ ಅಂಗಡಿಗೆ ನಿಲ್ಲಿಸುತ್ತೀರಾ, ವಿವರಣೆ ಎಷ್ಟು ಭಾಷೆಗಳಲ್ಲಿ? ಕೊನೆಯದಾಗಿ, ಅವಶೇಷಗಳ ಬಾಗಿಲಿಗೆ ಎಷ್ಟು ಗಂಟೆಗೆ ಮುಟ್ಟಿಸುತ್ತೀರಿ ಎಂದು ಕೇಳಬೇಕು, ಮತ್ತು ಅವರು ಹೇಳಿದ ಆ ಗಂಟೆ ಯಾವ ರಾಜ್ಯದ ಗಡಿಯಾರದ್ದು ಎಂದು ಇನ್ನೊಮ್ಮೆ ಕೇಳಬೇಕು.